ಫೋಟೊಗೆ ಅಡ್ಡ ಬಂದದ್ದಕ್ಕೆ ಕ್ಷಮೆಯಿರಲಿ

ಕಪ್ ಕೊಡಲು ವೇದಿಕೆ ಹತ್ತುವ ಸಮಸ್ತ ಗಣ್ಯಮಾನ್ಯರಿಗೆ,

ಕಂಠೀರವ ಕ್ರೀಡಾಂಗಣದ ವೆಸ್ಟ್ ಬ್ಲಾಕ್‌ನಲ್ಲಿ ನಿಂತು ಗಂಟಲು ಹರಿದುಕೊಳ್ಳುವ ಬಡಪಾಯಿಯೊಬ್ಬನ ನಮಸ್ಕಾರಗಳು. ಹಳೆಯ ಬಾಕಿಯೊಂದು ಉಳಿದಿದೆ, ಅದಕ್ಕೇ ಈ ಪತ್ರ.

2022-23ರಲ್ಲಿ ನಮ್ಮ ಫುಟ್‌ಬಾಲ್ ತಂಡ ಬೆಂಗಳೂರು ಎಫ್‌ಸಿ ಡ್ಯುರಾಂಡ್ ಕಪ್, ಇಂಡಿಯನ್ ಸೂಪರ್ ಲೀಗ್ (ಐಎಸ್‌ಎಲ್), ಸೂಪರ್ ಕಪ್ ಮೂರರಲ್ಲೂ ಫೈನಲ್ ಆಡಿತು. ಒಂದನ್ನು ಗೆದ್ದು ಎರಡನ್ನು ಸೋತಿತು. ಕೋಚ್ ಸೈಮನ್ ಗ್ರೇಸನ್ ಲೆಕ್ಕಾಚಾರ, ಡಿಫೆನ್ಸು, ಅದೃಷ್ಟ ಎಂದೆಲ್ಲ ಪಂಡಿತರು ಕಾರಣ ಕೊಟ್ಟರು. ನನಗೆ ಹೊಳೆದದ್ದು ಬೇರೆ: ನಮ್ಮವರು ಸೋತದ್ದು ನಿಮ್ಮ ಮೇಲಿನ ಗೌರವದಿಂದ.

2022ರ ಸೆಪ್ಟೆಂಬರ್ 18, ಕೋಲ್ಕತ್ತದ ಸಾಲ್ಟ್ ಲೇಕ್. ಶಿವಶಕ್ತಿ, ಅಲನ್ ಕೋಸ್ಟಾ ಗೋಲುಗಳಿಂದ ಮುಂಬೈ ಸಿಟಿಯನ್ನು 2-1ರಿಂದ ಮಣಿಸಿ, 1888ರಲ್ಲಿ ಶುರುವಾದ ಡ್ಯುರಾಂಡ್ ಕಪ್ಪನ್ನು ಮೊದಲ ಸಲ ಎತ್ತಲು ನಮ್ಮವರು ಸಾಲಾಗಿ ನಿಂತರು. ಗೆದ್ದವರಿಗೆ ಅಲ್ಲಿ ಮೂರು ಟ್ರೋಫಿ. ಹಿಡಿಯಲು ಕೈ ಸಾಲದು ಎನಿಸಿತೋ ಏನೋ, ಪಶ್ಚಿಮ ಬಂಗಾಳದ ಅಂದಿನ ರಾಜ್ಯಪಾಲರು ನಾಯಕ ಸುನಿಲ್ ಛೆಟ್ರಿಯನ್ನು ಕೈಯಿಂದ ಪಕ್ಕಕ್ಕೆ ಸರಿಸಿ ತಾವು ಕ್ಯಾಮೆರಾಕ್ಕೆ ಮುಖ ಕೊಟ್ಟರು. ಅತ್ತ ಫೈನಲ್‌ನಲ್ಲಿ ಗೋಲು ಹೊಡೆದ ಶಿವಶಕ್ತಿಯನ್ನೂ ಇನ್ನೊಬ್ಬ ಗಣ್ಯರು ಹಿಂದೆ ಸರಿಸಿದರು. ಮದುವೆ ಮಂಟಪದಲ್ಲಿ ಗಂಡಿಗೇ ‘ಸ್ವಲ್ಪ ಆ ಕಡೆ ಸರಿಯಪ್ಪಾ, ನಮ್ಮ ಎಮ್ಮೆಲ್ಲೆ ಕಾಣ್ತಿಲ್ಲ’ ಎಂದ ಹಾಗೆ. ಲೋಕವೆಲ್ಲ ವಿಡಿಯೊ ನೋಡಿ ಕೆಂಡ ಕಾರಿತು. ನನಗಂತೂ ತಪ್ಪು ಛೆಟ್ರಿಯದೇ ಅನ್ನಿಸಿತು. ಗೆದ್ದವರು ವೇದಿಕೆಯ ನಟ್ಟನಡುವೆ ನಿಲ್ಲುವುದು ಯಾವ ಶಿಷ್ಟಾಚಾರ?

ಆ ಪಾಠ ತಂಡಕ್ಕೆ ನಾಟಿತು. ಐಎಸ್‌ಎಲ್ ಲೀಗಿನಲ್ಲಿ ಮೊದಮೊದಲು ಸೋತು ಸೋತು ಕೆಳಕ್ಕೆ ಜಾರಿದ್ದವರು ಕೊನೆಯ ಎಂಟೂ ಪಂದ್ಯ ಗೆದ್ದು ನಾಲ್ಕನೆಯ ಸ್ಥಾನಕ್ಕೆ ಬಂದರು. ಆಮೇಲೆ ಮಾರ್ಚ್ 3ರ ನಾಕೌಟ್ ರಾತ್ರಿ. ಎದುರಾಳಿ ಕೇರಳ ಬ್ಲಾಸ್ಟರ್ಸ್, ನಮ್ಮದೇ ಕಂಠೀರವ, 0-0, ಹೆಚ್ಚುವರಿ ಸಮಯದ ಆರನೆಯ ನಿಮಿಷ. ಫ್ರೀ ಕಿಕ್ ಸಿಕ್ಕಿತು. ಕೇರಳದವರು ಇನ್ನೂ ಗೋಡೆ ಕಟ್ಟುತ್ತಿದ್ದಾಗಲೇ ಛೆಟ್ರಿ ಚೆಂಡನ್ನು ನೆಟ್ಟಿಗೆ ಕಳಿಸಿಬಿಟ್ಟರು. ಕೋಟೆ ಲೂಟಿಯಾದ ಮೇಲೆ ದಿಡ್ಡಿ ಬಾಗಿಲು ಹಾಕುವ ವ್ಯವಧಾನವೂ ಎದುರಾಳಿ ಕೋಚ್ ಇವಾನ್ ವುಕೊಮನೊವಿಚ್‌ಗೆ ಇರಲಿಲ್ಲ; ತಂಡವನ್ನೇ ಮೈದಾನದಿಂದ ಹೊರಗೆ ಕರೆದರು. ಆಮೇಲೆ ಫುಟ್‌ಬಾಲ್ ಫೆಡರೇಷನ್ ಆ ಕ್ಲಬ್ಬಿಗೆ 4 ಕೋಟಿ ರೂಪಾಯಿ ದಂಡ ಹಾಕಿತು. ನನ್ನನ್ನು ಕೇಳಿದರೆ, ಗೋಲು ನ್ಯಾಯದ್ದೇ. ಆದರೆ ನಮ್ಮ ಸ್ಟ್ಯಾಂಡಿನಲ್ಲಿ ಕೂತವರಿಗೂ ಆ ಗೆಲುವು ಅರೆಬೆಂದ ಅನ್ನದಂತೆ ಇತ್ತು. ಸೆಮಿಫೈನಲ್‌ನಲ್ಲಿ ಮುಂಬೈ ಮೇಲೆ ಶೂಟೌಟ್ 9-8. ಕೊನೆಯ ಒದೆತ ಸಂದೇಶ್ ಝಿಂಗನ್‌ದು. ಆ ರಾತ್ರಿ ಹಾರಿಹೋದ ನನ್ನ ದನಿ ವಾರವಾದರೂ ವಾಪಸು ಬರಲಿಲ್ಲ.

ಇನ್ನು ಗೌರವ ಸಲ್ಲಿಸಿದ ಪ್ರಸಂಗ. ಮಾರ್ಚ್ 18, ಗೋವಾದ ಫತೋರ್ಡಾ, ಎಟಿಕೆ ಮೋಹನ್ ಬಗಾನ್ ಎದುರು ಐಎಸ್‌ಎಲ್ ಫೈನಲ್. ಪಂದ್ಯ 2-2, ನಾಲ್ಕು ಗೋಲುಗಳಲ್ಲಿ ಮೂರು ಪೆನಾಲ್ಟಿ. ರಾಯ್ ಕೃಷ್ಣ ತಮ್ಮ ಹಳೆಯ ತಂಡದ ಮೇಲೆಯೇ ತಲೆಯಿಂದ ಗುದ್ದಿ 2-1 ಮಾಡಿದಾಗ ನಾವು ಕಪ್ ಗೆದ್ದೇಬಿಟ್ಟೆವು ಅಂದುಕೊಂಡೆವು. ಏಳೇ ನಿಮಿಷದಲ್ಲಿ ಬಗಾನ್‌ನ ಪೆಟ್ರಾಟೊಸ್ ಎರಡನೆಯ ಪೆನಾಲ್ಟಿ ಹೊಡೆದರು. ಆ ಫೌಲ್ ಗೆರೆಯ ಒಳಗೋ ಹೊರಗೋ ಎಂಬ ಜಗಳ ಮುಗಿದಿಲ್ಲ. ತೀರ್ಮಾನಿಸಲು ವಿಎಆರ್ (ವಿಡಿಯೊ ರೆಫರಿ) ಇರಲಿಲ್ಲ. ಶೂಟೌಟ್‌ನಲ್ಲಿ ನಮ್ಮ ಬ್ರೂನೊ ರಮಿರೆಸ್ ಹೊಡೆತವನ್ನು ಅವರ ಗೋಲ್‌ಕೀಪರ್ ವಿಶಾಲ್ ಕೈತ್ ತಡೆದರು, ನಮ್ಮ ಪಾಬ್ಲೊ ಪೆರೆಜ್ ಚೆಂಡನ್ನು ಗೋಲಿನ ಮೇಲಿಂದ ಹಾರಿಸಿದರು. 4-3. ವೇದಿಕೆ ನಿರಾತಂಕವಾಗಿ ನಿಮ್ಮದಾಯಿತು, ಛೆಟ್ರಿಯನ್ನು ತಳ್ಳುವ ಶ್ರಮ ತಪ್ಪಿತು. ಗೆದ್ದ ತಂಡದ ಮಾಲೀಕರು ಅದೇ ಸಂಭ್ರಮದಲ್ಲಿ ಹೆಸರಿನಿಂದ ‘ಎಟಿಕೆ’ ಕಿತ್ತುಹಾಕುವುದಾಗಿ ಸಾರಿದರು. ಅಭಿಮಾನಿಗಳು ಬಹುಕಾಲದಿಂದ ಬೇಡುತ್ತಿದ್ದ ವರ ಅದು, ನಿಜ. ಆದರೂ ಹುಡುಗರು 120 ನಿಮಿಷ ಓಡಿದ ಸುದ್ದಿ ಅದರ ಕೆಳಗೆ ಹೋಯಿತು.

ಏಪ್ರಿಲ್ 25ಕ್ಕೆ ಕೋಯಿಕ್ಕೋಡ್‌ನಲ್ಲಿ ಸೂಪರ್ ಕಪ್ ಫೈನಲ್. ಒಡಿಶಾ ಎಫ್‌ಸಿ 2-1. ಅವರಿಗದು ಮೊದಲ ಕಪ್, ಸಂತೋಷ. ನಮ್ಮ ಗೋಲು ಮತ್ತೆ ಛೆಟ್ರಿ, ಮತ್ತೆ ಪೆನಾಲ್ಟಿ. ಹೆಚ್ಚು ಹೇಳುವ ಮನಸ್ಸಿಲ್ಲ.

ಗಣ್ಯರೇ, ಎರಡೇ ವರ್ಷಕ್ಕೆ ನಿಮ್ಮನ್ನು ಮತ್ತೆ ನೆನೆಯಬೇಕಾಗಿ ಬರುತ್ತದೆ ಅಂದುಕೊಂಡಿರಲಿಲ್ಲ. ಫೆಡರೇಷನ್ ಮತ್ತು ಲೀಗ್ ನಡೆಸುತ್ತಿದ್ದ ಕಂಪನಿಯ ನಡುವಿನ 15 ವರ್ಷಗಳ ಒಪ್ಪಂದ 2025ರ ಡಿಸೆಂಬರ್‌ಗೆ ಮುಗಿಯುವುದಿತ್ತು, ಹೊಸದು ಆಗಲಿಲ್ಲ. ಆ ಆಗಸ್ಟ್‌ನಲ್ಲಿ ನಮ್ಮ ಕ್ಲಬ್ ಹಿರಿಯರ ತಂಡದ ಆಟಗಾರರು ಮತ್ತು ಸಿಬ್ಬಂದಿಯ ಸಂಬಳವನ್ನೇ ತಡೆಹಿಡಿಯಿತು. ಸೆಪ್ಟೆಂಬರ್ ಬಂತು, ಲೀಗ್ ಬರಲಿಲ್ಲ. ಆಗ ಮುಂದಿನ ಸಾಲು ಪೂರ್ತಿ ಖಾಲಿಯಿತ್ತು. ಅಲ್ಲಿ ಬಂದು ನಿಲ್ಲಲು ಯಾರೂ ಯಾರನ್ನೂ ತಳ್ಳಿದ್ದು ಕಾಣಲಿಲ್ಲ.

ಮತ್ತೆ ನಮ್ಮವರು ಕಪ್ ಗೆದ್ದಾಗ ದಯವಿಟ್ಟು ಬನ್ನಿ. ಶಾಲು, ಹಾರ, ಮೈಸೂರು ಪೇಟ ಎಲ್ಲ ಸಿದ್ಧವಿರುತ್ತದೆ. ಫೋಟೊಗ್ರಾಫರ್ ಮಾತ್ರ ಇಬ್ಬರು ಇರಲಿ, ನಿಮಗೊಬ್ಬ, ಆಡಿದವರಿಗೊಬ್ಬ.

ಇಂತಿ,
ವೆಸ್ಟ್ ಬ್ಲಾಕ್‌ನ ಬಡಪಾಯಿ