ಮುಪ್ಪು ಲೋಕಕ್ಕೇ ಹೊರತು ಮನುಷ್ಯನಿಗಲ್ಲ

ಮುಪ್ಪಿನ ಬಗ್ಗೆ ಈವರೆಗೆ ನಡೆದಿರುವ ಚಿಂತನೆಯೆಲ್ಲ ಒಂದು ತಪ್ಪು ಗ್ರಹಿಕೆಯ ಮೇಲೆ ನಿಂತಿದೆ. ಮುಪ್ಪು ಮನುಷ್ಯನಿಗೆ ಬರುತ್ತದೆ ಎಂದು ವೈದ್ಯರು, ಕವಿಗಳು ಮತ್ತು ಮೊಮ್ಮಕ್ಕಳು ಒಕ್ಕೊರಲಿನಿಂದ ಹೇಳುತ್ತ ಬಂದಿದ್ದಾರೆ. ಬೇರೆ ಯಾವ ವಿಷಯದಲ್ಲೂ ಒಮ್ಮತಕ್ಕೆ ಬರದ ಈ ಮೂರು ಪಂಗಡಗಳು ಇದೊಂದರಲ್ಲಿ ಒಂದಾಗಿವೆ ಎನ್ನುವುದೇ ಸಂಶಯಕ್ಕೆ ಸಾಕು. ನಮ್ಮ ಸಿದ್ಧಾಂತ ಹೀಗಿದೆ: ಮನುಷ್ಯ ಮೂವತ್ತೈದರ ಆಸುಪಾಸಿಗೆ ಬಂದು ಅಲ್ಲಿಯೇ ನಿಂತುಬಿಡುತ್ತಾನೆ, ಆಮೇಲೆ ಕೆಡುತ್ತ ಹೋಗುವುದು ಸುತ್ತಲಿನ ಲೋಕ. ಅಕ್ಷರಗಳು ಕುಗ್ಗುತ್ತವೆ, ಮೆಟ್ಟಿಲುಗಳು ಬೆಳೆಯುತ್ತವೆ, ನೆಲ ಕುಸಿಯುತ್ತದೆ, ಜನ ಗೊಣಗಲು ಶುರುಮಾಡುತ್ತಾರೆ. ಇದನ್ನು ಪ್ರತ್ಯಕ್ಷ, ಅನುಮಾನ, ಆಗಮ ಎಂಬ ಮೂರೂ ಪ್ರಮಾಣಗಳಿಂದ ಸಾಧಿಸಬಹುದು.

ಮೊದಲು ಪ್ರತ್ಯಕ್ಷ. ಒಂದು ಮಾತ್ರೆ ಪಟ್ಟಿಯನ್ನು ತೆಗೆದುಕೊಳ್ಳಿ. ಮಿರಮಿರ ಮಿಂಚುವ ಹಾಳೆಯ ಮೇಲೆ, ಬೆಳಕು ಬಿದ್ದರೆ ಕಾಣದ, ಬೀಳದಿದ್ದರೂ ಕಾಣದ ಅಕ್ಷರಗಳಲ್ಲಿ ಅವಧಿ ಮುಗಿಯುವ ತಾರೀಖು ಒತ್ತಿರುತ್ತದೆ. ಅದೂ ಮೊದಲ ಮಾತ್ರೆ ತೆಗೆಯುವಾಗಲೇ ಹರಿದುಹೋಗುವ ಮೂಲೆಯಲ್ಲಿ. ಟ್ಯೂಬ್‌ಲೈಟಿನ ಕೆಳಗೆ ನಿಂತು, ಪಟ್ಟಿಯನ್ನು ಓರೆ ಮಾಡಿ, ತೋಳು ಪೂರ್ತಿ ಚಾಚಿ, ಕೊನೆಗೆ ಕುತ್ತಿಗೆಯನ್ನೂ ಹಿಂದಕ್ಕೆ ಎಳೆದುಕೊಳ್ಳುವ ಮಹನೀಯರನ್ನು ಪ್ರತಿ ಮನೆಯಲ್ಲೂ ನೋಡಬಹುದು. ನೇತ್ರತಜ್ಞರು ಇದಕ್ಕೆ ಚಾಳೀಸು ಎನ್ನುತ್ತಾರೆ. ಅವರ ಪ್ರಕಾರ ಕಣ್ಣಿನ ಮಸೂರ ವರ್ಷ ಕಳೆದಂತೆ ಬಿರುಸಾಗಿ, ಬಾಗುವ ಗುಣ ಕಳೆದುಕೊಳ್ಳುತ್ತದೆ. ಹತ್ತರ ಹುಡುಗ ಏಳೆಂಟು ಸೆಂಟಿಮೀಟರ್ ದೂರದ ಅಕ್ಷರವನ್ನೂ ಓದಿಯಾನು; ನಲವತ್ತರ ಆಚೀಚೆ ಆ ದೂರ ಒಂದು ಗೇಣಾಗುತ್ತದೆ; ಅರವತ್ತಕ್ಕೆ ಹೆಚ್ಚುಕಡಿಮೆ ಒಂದು ಮೀಟರ್. ಅಂಕಿ ಅಂಶಗಳಲ್ಲಿ ನಮ್ಮ ತಕರಾರಿಲ್ಲ, ತೀರ್ಮಾನದಲ್ಲಿದೆ. ಮೀಟರ್ ದೂರದಲ್ಲಿಟ್ಟರೆ ಅಕ್ಷರ ಕಾಣುತ್ತದೆಂದರೆ ಕಣ್ಣು ಸರಿಯಾಗಿದೆ ಎಂದೇ ಅರ್ಥ. ಸಾಲದೆ ಬಂದಿರುವುದು ತೋಳು. ಇಪ್ಪತ್ತರಲ್ಲಿ ಎಷ್ಟಿತ್ತೋ ಅಷ್ಟೇ ಉದ್ದವಿರುವ ತೋಳಿಗೆ ಮುಪ್ಪು ಬಂದಿದೆ ಎನ್ನಲೂ ಆಗದು. ಹೀಗೆ ಕಣ್ಣೂ ತೋಳೂ ನಿರ್ದೋಷಿಗಳಾದ ಮೇಲೆ ಉಳಿಯುವ ಆರೋಪಿ ಮಾತ್ರೆ ಪಟ್ಟಿಯೊಂದೇ.

ಕಿವಿಯದೂ ಇದೇ ಕತೆ. ವಯಸ್ಸಾದಂತೆ ಮೊದಲು ಕ್ಷೀಣಿಸುವುದು ಎತ್ತರದ ಸ್ಥಾಯಿಯ ಸದ್ದುಗಳ ಗ್ರಹಿಕೆ ಎಂದೂ, ಸಕಾರ ಶಕಾರಗಳು ಆ ವರ್ಗಕ್ಕೆ ಸೇರಿರುವುದರಿಂದ ಮಾತು ಕೇಳಿಸಿದರೂ ತಿಳಿಯುವುದಿಲ್ಲವೆಂದೂ ವೈದ್ಯರು ವಿವರಿಸುತ್ತಾರೆ. ಆದರೆ “ಒಂದಿಷ್ಟು ಸೊಪ್ಪು ತನ್ನಿ” ಎಂಬ ಮಾತು ಮೂರು ಸಲ ಕೂಗಿದರೂ ಮುಟ್ಟದ ಅದೇ ಕಿವಿಗೆ, ಎರಡು ಗೋಡೆಗಳಾಚೆ ಸೈಟು ಯಾರ ಹೆಸರಿಗೆ ಎಂದು ನಡೆಯುವ ಪಿಸುಮಾತು ಸಕಾರ ಶಕಾರ ಸಹಿತ ಮುಟ್ಟುವುದನ್ನು ಈ ವಿವರಣೆ ಒಳಗೊಳ್ಳುವುದಿಲ್ಲ.

ಇನ್ನು ಅನುಮಾನ ಪ್ರಮಾಣಕ್ಕೆ ಪಂಚಾಂಗವೇ ಆಧಾರ. ಸಂವತ್ಸರಗಳು ಪ್ರಭವದಿಂದ ಅಕ್ಷಯದವರೆಗೆ ಅರವತ್ತು. ಆಮೇಲೆ ಮತ್ತೆ ಪ್ರಭವ. 1966ರ ಯುಗಾದಿಯಾದ ಮೇಲೆ ಹುಟ್ಟಿದವರದು ಪರಾಭವ ಸಂವತ್ಸರ. 2026ರ ಯುಗಾದಿಗೆ ಅದೇ ಪರಾಭವ ಮರಳಿ ಬರುತ್ತದೆ. ಅಂದರೆ ಅರವತ್ತು ತುಂಬಿದವನ ಮೀಟರು ಸೊನ್ನೆಗೆ ಬಂದು ನಿಂತಿದೆ. ಶಾಸ್ತ್ರಕ್ಕೆ ಇದು ಗೊತ್ತಿರುವುದರಿಂದಲೇ ಷಷ್ಟ್ಯಬ್ದಿಯಲ್ಲಿ ಅವನಿಗೆ ಹಸೆಮಣೆ ಹಾಕಿ ಮತ್ತೊಮ್ಮೆ ತಾಳಿ ಕಟ್ಟಿಸುತ್ತಾರೆ. ವಧು ಮಾತ್ರ ಬದಲಾಗುವುದಿಲ್ಲ. ವಧುವಿನ ಅಭಿಪ್ರಾಯವೂ ಬದಲಾಗುವುದಿಲ್ಲ.

ಆಗಮವೆಂದರೆ ನಮ್ಮ ಕಾಲಕ್ಕೆ ಸರ್ಕಾರಿ ಆದೇಶ. 2008ರಲ್ಲಿ ಕರ್ನಾಟಕ ಸರ್ಕಾರ ನೌಕರರ ನಿವೃತ್ತಿ ವಯಸ್ಸನ್ನು 58ರಿಂದ 60ಕ್ಕೆ ಏರಿಸಿತು. ಒಂದು ಸುತ್ತೋಲೆಯಿಂದ ಎರಡು ವರ್ಷ ಮುಂದಕ್ಕೆ ಹೋಗುವ ಮುಪ್ಪನ್ನು ದೇಹದ ಗುಣವೆನ್ನುವುದು ಹೇಗೆ? ರೈಲ್ವೆ ಇಲಾಖೆ ಇನ್ನೂ ಮುಂದೆ ಹೋಗಿದೆ. 60 ದಾಟಿದ ಗಂಡಸರಿಗೆ ಶೇ. 40, 58 ದಾಟಿದ ಹೆಂಗಸರಿಗೆ ಶೇ. 50 ಇದ್ದ ರಿಯಾಯಿತಿಯನ್ನು 2020ರ ಮಾರ್ಚಿನಲ್ಲಿ ನಿಲ್ಲಿಸಿ, ಮುಪ್ಪೆಂಬುದೇ ಇಲ್ಲವೆಂಬ ನಮ್ಮ ಮತಕ್ಕೆ ಅದು ಸೇರಿಕೊಂಡಿತು. ಕೆಎಸ್‌ಆರ್‌ಟಿಸಿ ಮಾತ್ರ ಹಳೆಯ ಪಂಥವನ್ನು ಬಿಡದೆ 60ರ ಮೇಲಿನವರಿಗೆ ಶೇ. 25 ಬಿಡುತ್ತಿತ್ತು. ಆದ್ದರಿಂದ ಮೈಸೂರಿಗೆ ಬಸ್ಸಿನಲ್ಲಿ ಹೊರಟವರು ವೃದ್ಧರು, ಅದೇ ದಿನ ರೈಲಿನಲ್ಲಿ ವಾಪಸಾದವರು ಯುವಕರು.

ಈ ಮೂರರ ಜೊತೆಗೆ ಪ್ರಾಚೀನರಿಗೆ ತಿಳಿಯದಿದ್ದ ನಾಲ್ಕನೆಯದೊಂದಿದೆ: ಜೀವನ್ ಪ್ರಮಾಣ. 2014ರಿಂದ ಡಿಜಿಟಲ್ ರೂಪದಲ್ಲಿ ಬಂದಿರುವ ಇದರ ಮೂಲಕ ಪಿಂಚಣಿದಾರರು ನವೆಂಬರ್ ತಿಂಗಳಲ್ಲಿ ತಾವು ಬದುಕಿದ್ದೇವೆಂದು ಸಾಬೀತುಪಡಿಸುತ್ತಾರೆ. ದಶಕಗಟ್ಟಲೆ ದುಡಿದು ಬೆರಳ ಗೆರೆ ಸವೆದವರ ಗುರುತು ಯಂತ್ರಕ್ಕೆ ಹತ್ತುವುದಿಲ್ಲ. ಹೆಬ್ಬೆರಳು ಒರೆಸಿ ಒತ್ತುತ್ತಾರೆ, ತೋರುಬೆರಳು ಒತ್ತುತ್ತಾರೆ, ಬೆರಳಿಗೆ ಉಗುಳು ಹಚ್ಚುವ ಸಲಹೆಯೂ ಸರದಿಯ ಹಿಂದಿನಿಂದ ಬರುತ್ತದೆ. ಎದುರಿಗೆ ಕೂತು ಬೈಯುತ್ತಿರುವ ಮನುಷ್ಯನನ್ನು ಕೂಡ ಇದ್ದಾನೆಂದು ಒಪ್ಪದ ಯಂತ್ರಕ್ಕೆ ಅರಳುಮರಳು ಬಂದಿದೆಯೋ, ಮನುಷ್ಯನಿಗೋ?

ಆಕ್ಷೇಪಣೆಗಳಿವೆ. ಲೋಕ ಕೆಡುತ್ತಿದ್ದರೆ ಅದು ಎಳೆಯರಿಗೇಕೆ ಕಾಣದು ಎನ್ನುವವರಿದ್ದಾರೆ. ಅವರು ಬಂದದ್ದೇ ಮೊನ್ನೆ; ಮೆಟ್ಟಿಲು ಗಿಡ್ಡಗಿದ್ದ ಕಾಲವನ್ನು ಕಂಡವರಲ್ಲ. ಫೋಟೋದಲ್ಲಿ ಮುಪ್ಪು ಕಾಣುತ್ತದಲ್ಲ ಎಂಬುದು ಇನ್ನೊಂದು. ಆಧಾರ್ ಕಾರ್ಡಿನಲ್ಲಿ ಇಪ್ಪತ್ತರ ಹುಡುಗರೂ ಸನ್ಯಾಸಕ್ಕೆ ಹೊರಟವರಂತೆ ಕಾಣುವುದರಿಂದ ದೋಷ ಕ್ಯಾಮೆರಾದ್ದೆಂದು ತೀರ್ಮಾನವಾಗಿದೆ. ಎ. ಎನ್. ಮೂರ್ತಿರಾಯರು ‘ದೇವರು’ ಪುಸ್ತಕ ಹೊರತಂದಾಗ ತೊಂಬತ್ತು ದಾಟಿತ್ತು, ಇಂಥವರು ಅಪವಾದವಲ್ಲವೇ ಎಂದರೆ, ಅಲ್ಲ. ಅವರು ಲೋಕದ ಅಸ್ವಸ್ಥತೆಯನ್ನು ಮೈಗೆ ಹಚ್ಚಿಕೊಳ್ಳದವರು. 1891ರ ಜೂನ್ 6ರಂದು ಹುಟ್ಟಿ 1986ರ ಜೂನ್ 6ರಂದೇ ತೀರಿಕೊಂಡ ಮಾಸ್ತಿಯವರ ಲೆಕ್ಕದಲ್ಲಂತೂ ಆಡಿಟ್‌ನವರು ಒಂದು ದಿನದ ವ್ಯತ್ಯಾಸವನ್ನೂ ಎತ್ತಿ ತೋರಿಸಲಾರರು.

ನಿಜವಾಗಿ ತೊಡಕಿನ ಆಕ್ಷೇಪಣೆ ಒಂದೇ. ಹಳೆಯ ಸಹಪಾಠಿಗಳ ಕೂಟಕ್ಕೆ ನಲವತ್ತು ಜನ ಸೇರಿದರೆ, ಉಳಿದ ಮೂವತ್ತೊಂಬತ್ತು ಮಂದಿ ಎಷ್ಟು ಮುದಿಯಾಗಿಬಿಟ್ಟರಲ್ಲ ಎಂದು ಪ್ರತಿಯೊಬ್ಬರಿಗೂ ಅನ್ನಿಸುತ್ತದೆ. ಲೋಕಕ್ಕೆ ಮುಪ್ಪು ಬಂದಿರುವುದಕ್ಕೆ ಇದು ಪುರಾವೆಯೇ ಸರಿ; ಆದರೆ ಆ ಲೆಕ್ಕದಲ್ಲಿ ಪ್ರತಿಯೊಬ್ಬರ ವಿರುದ್ಧವೂ ಮೂವತ್ತೊಂಬತ್ತು ಸಾಕ್ಷಿಗಳಿದ್ದು, ಪರವಾಗಿ ಇರುವುದು ಒಂದೇ. ಇದಕ್ಕೆ ಸಮಾಧಾನ ಸಾಕ್ಷಿಗಳ ಯೋಗ್ಯತೆಯನ್ನು ಪರಿಶೀಲಿಸಿದರೆ ಸಿಗುತ್ತದೆ: ಆ ಮೂವತ್ತೊಂಬತ್ತೂ ಜನ ಗ್ರೂಪ್ ಫೋಟೋದಲ್ಲಿ ಚೆನ್ನಾಗಿ ಕಾಣಲೆಂದು ಆಗಲೇ ಕನ್ನಡಕ ತೆಗೆದಿಟ್ಟವರು, ಎಲ್ಲಿಟ್ಟೆವೆಂದು ಈಗ ಹುಡುಕುತ್ತಿರುವವರು.