ಎರಡು ಸಾವಿರ ರೂಪಾಯಿಯ ಮಾತು

ನಮ್ಮ ಜಿಲ್ಲಾಡಳಿತಗಳಿಗೆ ಮರಳಿನ ಅಭಾವ ಬಂದೀತು, ಭರವಸೆಯ ಅಭಾವ ಮಾತ್ರ ಬರಲಾರದು. ನೇತ್ರಾವತಿಯ ದಿಬ್ಬವಿರಲಿ, ತುಂಗಭದ್ರೆಯ ಪಾತ್ರವಿರಲಿ, ಮರಳು ತೆಗೆಯುವ ಪರವಾನಗಿಗೆ ಅಲೆದು ಸುಸ್ತಾದವನು ಹೈಕೋರ್ಟಿಗೆ ರಿಟ್ ಹಾಕಿದರೆ ಸಾಕು, ಸರ್ಕಾರಿ ವಕೀಲರು ಎದ್ದು ನಿಲ್ಲುತ್ತಾರೆ: "ಅರ್ಜಿ ಪರಿಶೀಲನೆಯಲ್ಲಿದೆ ಮೈ ಲಾರ್ಡ್, ಎಂಟು ವಾರದಲ್ಲಿ ತೀರ್ಮಾನಿಸುತ್ತೇವೆ." ಆ ಮಾತು ದಾಖಲಾಗಿ ರಿಟ್ ವಿಲೇವಾರಿಯಾಗುತ್ತದೆ. ಅರ್ಜಿದಾರ ಗೆದ್ದೆನೆಂದು ಪೇಡಾ ಹಂಚುತ್ತಾನೆ. ಇಲಾಖೆಯೂ ಗೆದ್ದಿದೆ: ಎಂಟು ವಾರ ಸಿಕ್ಕಿತಲ್ಲ!

ಹಾಗೆಂದು ಅಧಿಕಾರಿಗಳು ಸುಮ್ಮನೆ ಕೂತಿದ್ದಾರೆ ಎನ್ನಬೇಡಿ. ಜಿಲ್ಲಾಧಿಕಾರಿ ಅಧ್ಯಕ್ಷತೆಯ ಜಿಲ್ಲಾ ಮರಳು ಉಸ್ತುವಾರಿ ಸಮಿತಿ ಇದೆ. ಗಣಿ ಇಲಾಖೆ ಕಂದಾಯದವರ ಅಭಿಪ್ರಾಯ ಕೇಳುತ್ತದೆ, ಕಂದಾಯದವರು ಜಂಟಿ ಸರ್ವೆ ಕೇಳುತ್ತಾರೆ, ಸರ್ವೆಯವರು ನೀರು ಇಳಿಯಲಿ ಎನ್ನುತ್ತಾರೆ. ನೀರು ಇಳಿಯುವ ಹೊತ್ತಿಗೆ ಚುನಾವಣಾ ನೀತಿಸಂಹಿತೆ, ಅದು ಮುಗಿಯುವ ಹೊತ್ತಿಗೆ ಮಳೆಗಾಲ.

ನಿಯಮಗಳಿಗೇನೂ ಬರವಿಲ್ಲ. ಐದು ಹೆಕ್ಟೇರಿಗಿಂತ ಚಿಕ್ಕ ಗುತ್ತಿಗೆಗೂ ಪರಿಸರ ಅನುಮತಿ ಬೇಕೆಂದು ಸುಪ್ರೀಂ ಕೋರ್ಟ್ 2012ರಲ್ಲೇ ಹೇಳಿತು. ನದಿಗೆ ಎಷ್ಟು ಮರಳು ಮರಳಿ ಬರುತ್ತದೆಂಬ ಅಧ್ಯಯನವಿಲ್ಲದೆ ಅನುಮತಿ ಕೊಡಬೇಡಿ ಎಂದು 2025ರಲ್ಲಿ ಹೇಳಿತು. ಎರಡೂ ನ್ಯಾಯವೇ. ಆದರೆ ಆ ಅಧ್ಯಯನ ಮಾಡಿಸಬೇಕಾದವರೇ ಅದಿಲ್ಲವೆಂದು ಕಡತ ಹಿಂದಿರುಗಿಸುತ್ತಾರೆ.

ರಾತ್ರಿ ಓಡುವ ಟಿಪ್ಪರಿಗೆ ಈ ತಾಪತ್ರಯವಿಲ್ಲ. ಅದಕ್ಕೆ ಅರ್ಜಿಯೇ ಇಲ್ಲ, ಹಾಗಾಗಿ ವಿಳಂಬವೂ ಇಲ್ಲ. ಕಾನೂನುಬದ್ಧ ಗಣಿಗಾರಿಕೆಯನ್ನು ಪೂರ್ತಿ ನಿಲ್ಲಿಸಿದರೆ ಅಕ್ರಮ ಅಣಬೆಯಂತೆ ಏಳುತ್ತದೆ, ಖಜಾನೆಗೂ ನಷ್ಟ ಎಂದು ಬಿಹಾರದ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2021ರಲ್ಲಿ ಎಚ್ಚರಿಸಿತ್ತು. ಎಚ್ಚರಿಕೆಯೂ ಪರಿಶೀಲನೆಯಲ್ಲಿರಬೇಕು.

ಎಂಟು ವಾರ ಕಳೆದು ಎಂಟು ತಿಂಗಳಾದ ಮೇಲೆ ಅರ್ಜಿದಾರ ನ್ಯಾಯಾಂಗ ನಿಂದನೆ ಅರ್ಜಿ ಹಾಕುತ್ತಾನೆ. ಆಗ ಕಚೇರಿಗೆ ಜೀವ ಬರುತ್ತದೆ. ಖುದ್ದು ಹಾಜರಾಗಬೇಕಾದ ದಿನಾಂಕದ ಹಿಂದಿನ ದಿನ ಕಡತಕ್ಕೆ ಸಹಿ ಬೀಳುತ್ತದೆ, ಜೊತೆಗೆ ಬೇಷರತ್ ಕ್ಷಮೆಯ ಪ್ರಮಾಣಪತ್ರವೂ ಸಿದ್ಧ. ಅದರ ನಮೂನೆ ಕಂಪ್ಯೂಟರಿನಲ್ಲೇ ಇರುತ್ತದೆ, ದಿನಾಂಕ ಬದಲಿಸಿದರಾಯಿತು.

ಹೆದರುವಂಥದ್ದೇನು ಇದೆ? ನ್ಯಾಯಾಲಯಕ್ಕೆ ಕೊಟ್ಟ ಮುಚ್ಚಳಿಕೆಯನ್ನು ಬೇಕೆಂದೇ ಮುರಿದರೆ, 1971ರ ನ್ಯಾಯಾಂಗ ನಿಂದನೆ ಕಾಯ್ದೆಯಂತೆ ಗರಿಷ್ಠ ದಂಡ 2,000 ರೂಪಾಯಿ. ಆರು ತಿಂಗಳ ಸಜೆಯೂ ಇದೆ, ಆದರೆ ದಂಡ ಸಾಲದೆಂದು ಕೋರ್ಟಿಗೆ ಅನಿಸಿದರೆ ಮಾತ್ರ. ಅದೂ ವರ್ಷದೊಳಗೆ ಪ್ರಕರಣ ಶುರುವಾಗಬೇಕು. ಒಂದು ಟಿಪ್ಪರ್ ಮರಳಿಗೆ ಇದರ ಹಲವು ಪಟ್ಟು ಹಣ ತೆರಬೇಕು. ಅಂದರೆ ಜಿಲ್ಲಾಡಳಿತ ಹೈಕೋರ್ಟಿಗೆ ಕೊಡುವ ಮಾತು ಒಂದು ಲೋಡು ಮರಳಿಗಿಂತ ಅಗ್ಗ.

ದಂಡದ ಮೊತ್ತ ಏರಿಸಿ, ತಡ ಮಾಡಿದ ಅಧಿಕಾರಿಯ ಸಂಬಳದಿಂದಲೇ ಕಡಿತ ಮಾಡಿ. 1971ರಿಂದ ಈ ದೇಶದಲ್ಲಿ ಏರದೆ ಉಳಿದಿರುವ ಬೆಲೆ ಅದೊಂದೇ.