ಗುರುಮಠಕಲ್ ಕಡಲತಡಿಯ ಅಮೋನೈಟ್ ಮೀಮಾಂಸೆ

ಪೂರ್ವಪಕ್ಷವನ್ನು ಊರಿನ ಕುರಿಗಾಹಿ ಒಂದೇ ಮಾತಿನಲ್ಲಿ ಮಂಡಿಸುತ್ತಾನೆ: "ಇಲ್ಲಿ ಸಮುದ್ರ ಎಲ್ಲದರೀ?"

ವಾದ ಬಲವಾಗಿದೆ, ಆದರೆ ಅಶಾಸ್ತ್ರೀಯ. ಕಾರವಾರದಿಂದ ಮಂಗಳೂರಿನವರೆಗೆ ಬೇಕಾದಷ್ಟು ಕಡಲಿದೆ. ದಡದಲ್ಲಿರುವುದು ಗ್ರಾನೈಟ್, ನೈಸ್, ಮುರಕಲ್ಲು. ಅಮೋನೈಟ್ ಎಂಬ ಕಡಲಜೀವಿಯ ಪಳೆಯುಳಿಕೆ ಒಂದೂ ಇಲ್ಲ. ತಮಿಳುನಾಡಿನ ಅರಿಯಲೂರಿಗೆ ಕಡಲೇ ಇಲ್ಲ. ಅಲ್ಲಿ ಅಮೋನೈಟ್ ರಾಶಿ. ಅನ್ವಯ, ವ್ಯತಿರೇಕ ಎರಡರಿಂದಲೂ ಸಿದ್ಧವಾಯಿತು: ಅಮೋನೈಟಿಗೆ ಕಡಲೇ ಅಡ್ಡಿ. ಹಾಗಾದರೆ ಗುರುಮಠಕಲ್‌ಗಿಂತ ಪ್ರಶಸ್ತ ಸ್ಥಳ ಬೇರಾವುದು?

ಆದರೂ ಸಿಗದು. ದೋಷ ಕಾಲದ್ದು. ಭೀಮಾ ಸೀಮೆಯ ಸುಣ್ಣಕಲ್ಲು, ಅಂದರೆ ಅಡುಗೆಮನೆಯಲ್ಲಿ ನಾವು ತುಳಿಯುವ ಶಹಾಬಾದ್ ಫರ್ಸಿ, ಅಪ್ಪಟ ಕಡಲಿನ ಕೆಸರು. ಅಮೋನೈಟ್ ಕುಲ ಹುಟ್ಟಿದ್ದು ಸುಮಾರು 40 ಕೋಟಿ ವರ್ಷಗಳ ಹಿಂದೆ. ಆ ಕಡಲು ಅದಕ್ಕೂ ಬಹಳ ಮೊದಲೇ ಬಂದುಹೋಗಿತ್ತು. ಇನ್ನು ಗುರುಮಠಕಲ್‌ನ ಕರಿಕಲ್ಲು ದಖ್ಖನ್ನಿನ ಲಾವಾ. ಒಂದು ಹರಿವು ಆರಿ ಇನ್ನೊಂದು ಬರುವ ಬಿಡುವಿನಲ್ಲಿ ಇಲ್ಲಿ ಕೆರೆಗಳಾದವು. ಅದು ಸರಿಸುಮಾರು 6.6 ಕೋಟಿ ವರ್ಷಗಳ ಹಿಂದಿನ ಮಾತು. ಅತ್ತ ಅಮೋನೈಟುಗಳು ಲೋಕದಿಂದಲೇ ಗಂಟುಮೂಟೆ ಕಟ್ಟುತ್ತಿದ್ದವು. ಕಡಲಿದ್ದಾಗ ಅಮೋನೈಟಿಲ್ಲ, ಅಮೋನೈಟಿದ್ದಾಗ ಕಡಲಿಲ್ಲ.

ಆ ಕೆರೆಗಳಿಂದ ಸಿಕ್ಕಿರುವುದು ಸಾಸಿವೆಗಾತ್ರದ ಚಿಪ್ಪುಜೀವಿ ಆಸ್ಟ್ರಕಾಡ್‌ಗಳು. ದಖ್ಖನ್ನಿನ ಇಂಥ ಪದರಗಳಲ್ಲಿ ಫೈಸಾ ಎಂಬ ಸಿಹಿನೀರಿನ ಬಸವನಹುಳುವೂ ಮಾಮೂಲು. ಅದನ್ನು ಅಮೋನೈಟೆಂದು ಸಾಗಹಾಕುವಂತಿಲ್ಲ: ಫೈಸಾ ಎಡಮುರಿ, ಒಳಗೆ ಒಂದೇ ಕೋಣೆ. ಅಮೋನೈಟಿನದು ಸಾಲು ಕೋಣೆಗಳ ವಾಡೆ. ಕೊನೆಯದರಲ್ಲಿ ಯಜಮಾನನ ವಾಸ, ಉಳಿದವುಗಳಲ್ಲಿ ತೇಲಲು ಬೇಕಾದ ಗಾಳಿ.

ಆದ್ದರಿಂದ ಈ ಸೀಮೆಯಲ್ಲಿ ಅಮೋನೈಟ್ ಖಚಿತವಾಗಿ ಸಿಗುವ ನೆಲೆ ಒಂದೇ: ದೇವರಮನೆಯ ಸಂಪುಟ. ನೇಪಾಳದ ಗಂಡಕಿಯಿಂದ ಬಂದ ಸಾಲಿಗ್ರಾಮದ ಚಕ್ರವನ್ನು ಕೊರೆದದ್ದು ವಜ್ರಕೀಟ ಎನ್ನುತ್ತದೆ ಪುರಾಣ. ಅದು ಸ್ಕ್ವಿಡ್ಡಿನ ದಾಯಾದಿಯ ಅಚ್ಚು ಎನ್ನುತ್ತದೆ ಭೂವಿಜ್ಞಾನ. ಒಳಗೊಬ್ಬ ಇದ್ದ ಎಂಬಲ್ಲಿ ಇಬ್ಬರಿಗೂ ತಕರಾರಿಲ್ಲ.

ಕ್ಷೇತ್ರಕಾರ್ಯದ ವಿಧಿ: ಸುತ್ತಿಗೆಯನ್ನು ಹೊಸ್ತಿಲಾಚೆ ಇಡತಕ್ಕದ್ದು, ಮಿಂದು ಮಡಿಯುಟ್ಟು ಬರತಕ್ಕದ್ದು, ಮುಟ್ಟತಕ್ಕದ್ದಲ್ಲ. ಇಂಗ್ಲೆಂಡಿನ ಲೈಮ್ ರೀಜಿಸ್ ಕಡಲತಡಿಯಲ್ಲಿ ಪಳೆಯುಳಿಕೆ ಹುಡುಕುತ್ತಿದ್ದ ಮೇರಿ ಆನಿಂಗ್ 1833ರಲ್ಲಿ ಬಂಡೆ ಕುಸಿದು ತನ್ನ ನಾಯಿಯನ್ನು ಕಳೆದುಕೊಂಡಳು. ಇಲ್ಲಿ ಬಂಡೆಯ ಭಯವಿಲ್ಲ, ಅಜ್ಜಿ ಇದ್ದಾರೆ. ಪರೀಕ್ಷೆಗೆ ಮಾದರಿ ಕೇಳಿದ ಸಂಶೋಧಕನಿಗೆ ಒಂದು ಉದ್ಧರಣೆ ತೀರ್ಥ ದೊರೆಯುತ್ತದೆ. ಅದರ ರಾಸಾಯನಿಕ ವಿಶ್ಲೇಷಣೆ ನಮ್ಮ ಎರಡನೆಯ ಸಂಪುಟದಲ್ಲಿ.